ಪರದೆಯ ಮೇಲಿನ ಚೆಂಡು ಯಾರ ಮಾತು ಕೇಳುತ್ತದೆ?

ಚೆಂಡೊಂದನ್ನು ಕೈಬಿಟ್ಟರೆ ಒಂದು ಸೆಕೆಂಡಿನಲ್ಲಿ ಎಷ್ಟು ದೂರ ಬೀಳುತ್ತದೆ? ಗುರುತ್ವ ವೇಗೋತ್ಕರ್ಷವನ್ನು 9.8 ಎಂದಿಟ್ಟುಕೊಂಡು ಗಾಳಿಯ ತಡೆಯನ್ನು ಬಿಟ್ಟರೆ 4.9 ಮೀಟರ್. ಹೈಸ್ಕೂಲಿನ ಲೆಕ್ಕ. ಇದೇ ಪ್ರಶ್ನೆಯನ್ನು ಸೆಕೆಂಡಿಗೆ 60 ಸಲ ಲೆಕ್ಕ ಹಾಕುವ ಎರಡು ಸಿಮ್ಯುಲೇಶನ್‌ಗಳಿಗೆ, ಅಂದರೆ ಚಲನೆಯನ್ನು ಪರದೆಯ ಮೇಲೆ ಅನುಕರಿಸುವ ಕಂಪ್ಯೂಟರ್ ಪ್ರೋಗ್ರಾಂಗಳಿಗೆ, ಕೇಳಿದರೆ ಒಂದು 4.82 ಮೀಟರ್ ಎನ್ನಬಹುದು, ಇನ್ನೊಂದು 4.98 ಎನ್ನಬಹುದು. ಎರಡರಲ್ಲೂ ಬಳಸಿದ ನಿಯಮ ಒಂದೇ, ಗುರುತ್ವವೂ ಒಂದೇ. ವ್ಯತ್ಯಾಸವಿರುವುದು ಕೋಡಿನ ಎರಡು ಸಾಲುಗಳು ಯಾವ ಕ್ರಮದಲ್ಲಿವೆ ಎಂಬುದರಲ್ಲಿ. ಪ್ರತಿ ಹೆಜ್ಜೆಯಲ್ಲೂ ಮೊದಲು ಸ್ಥಾನ ಬದಲಿಸಿ ಆಮೇಲೆ ವೇಗ ಬದಲಿಸಿದರೆ 4.82. ಮೊದಲು ವೇಗ, ಆಮೇಲೆ ಸ್ಥಾನ ಎಂದರೆ 4.98.

ನೂರಕ್ಕೆ ಒಂದೂ ಮುಕ್ಕಾಲು ಭಾಗದಷ್ಟೂ ಇಲ್ಲದ ತಪ್ಪು, ಕಣ್ಣಿಗೆ ಬೀಳುವುದಿಲ್ಲ. ಆದರೆ ವಿದ್ಯಾರ್ಥಿ ಪರದೆಯಿಂದ ಅಳತೆ ತೆಗೆದು, ಗ್ರಾಫ್ ಎಳೆದು, ಗುರುತ್ವದ ಬೆಲೆ ಕಂಡುಹಿಡಿಯಲು ಕೂತ ಕೂಡಲೇ ಅದು ಉತ್ತರದಲ್ಲಿ ಬಂದು ಕೂರುತ್ತದೆ. ಆಗ ತಪ್ಪು ತನ್ನ ಅಳತೆಯದೋ ತಂತ್ರಾಂಶದ್ದೋ ಎಂದು ತಿಳಿಯಲು ಆ ಎರಡು ಸಾಲುಗಳನ್ನು ತೆರೆದು ನೋಡಬೇಕು. ಭೌತವಿಜ್ಞಾನದ ಕಲಿಕೆಯಲ್ಲಿ ಓಪನ್ ಸೋರ್ಸ್, ಅಂದರೆ ಯಾರು ಬೇಕಾದರೂ ಕೋಡ್ ಓದಿ, ತಿದ್ದಿ, ಹಂಚಬಹುದಾದ ತಂತ್ರಾಂಶ, ಬೇಕು ಎನ್ನಲು ಇದೇ ಮುಖ್ಯ ಕಾರಣ. ದುಡ್ಡು ಉಳಿಯುವುದು ಆಮೇಲಿನ ಮಾತು. ಸಿಮ್ಯುಲೇಶನ್ ಎಂಬುದು ಪ್ರಕೃತಿಯಲ್ಲ, ಯಾರೋ ಬರೆದಿಟ್ಟ ಊಹೆಗಳ ಕಟ್ಟು. ಕಟ್ಟು ಬಿಚ್ಚಲು ಬಾರದಿದ್ದರೆ ಅದನ್ನು ನಂಬಬೇಕೇ ಹೊರತು ಪರೀಕ್ಷಿಸಲಾಗದು.

ಉಚಿತ ಬೇರೆ, ಮುಕ್ತ ಬೇರೆ

ಈ ಎರಡನ್ನು ಕಲಸುವುದು ಬಹಳ. ಆಲ್ಗೊಡೂ ಎಂಬ ಎರಡು ಆಯಾಮದ ಆಟದಂಗಳ ಉಚಿತವಾಗಿ ಸಿಗುತ್ತದೆ, ಬಳಸಲು ಸೊಗಸಾಗಿದೆ, ಆದರೆ ಅದರ ಸೋರ್ಸ್ ಕೋಡ್ ಮುಚ್ಚಿದ್ದು. ಅದರ ಒಳಗೆ ಘರ್ಷಣೆಯನ್ನು ಹೇಗೆ ಲೆಕ್ಕ ಹಾಕುತ್ತಾರೆ ಎಂದು ಓದಲು ದಾರಿಯಿಲ್ಲ. ಕೆಡಿಇ ಎಂಬ ಮುಕ್ತ ತಂತ್ರಾಂಶ ಬಳಗದ ‘ಸ್ಟೆಪ್’ ಕೂಡ ಅಂಥದ್ದೇ ಆಟದಂಗಳ, ಅದರ ಕೋಡ್ ಮಾತ್ರ ತೆರೆದದ್ದು. ನೋಟದಲ್ಲಿ ಬಡವ, ಆದರೆ ಯಾವ ಗಣಿತ ವಿಧಾನದಿಂದ ಸಮೀಕರಣ ಬಿಡಿಸಬೇಕು ಎಂಬುದನ್ನು ಬಳಕೆದಾರನೇ ಪಟ್ಟಿಯಿಂದ ಆರಿಸಬಹುದು, ಕೋಡನ್ನೂ ಓದಬಹುದು.

ಮುಕ್ತವಾಗಿರುವುದರ ಇನ್ನೊಂದು ಲಾಭ ಎಲ್ಲರಿಗೂ ಕಂಡದ್ದು ಬ್ರೌಸರ್‌ಗಳು ಹಳೆಯ ತಂತ್ರಗಳನ್ನು ಕೈಬಿಟ್ಟಾಗ. ಭೌತವಿಜ್ಞಾನದ ಸಿಮ್ಯುಲೇಶನ್‌ಗಳ ಮೊದಲ ದೊಡ್ಡ ಬೆಳೆ ಬಂದದ್ದು, ಬ್ರೌಸರಿಗೆ ಪ್ಲಗಿನ್ ಎಂಬ ಪೂರಕ ತಂತ್ರಾಂಶ ಸೇರಿಸಿದರೆ ಓಡುವ ಜಾವಾ ಆಪ್ಲೆಟ್ ಮತ್ತು ಫ್ಲ್ಯಾಶ್ ರೂಪದಲ್ಲಿ. ಕ್ರೋಮ್ 2015ರಲ್ಲಿ, ಫೈರ್‌ಫಾಕ್ಸ್ 2017ರಲ್ಲಿ ಜಾವಾ ಪ್ಲಗಿನ್‌ಗೆ ಬಾಗಿಲು ಹಾಕಿದವು. ಫ್ಲ್ಯಾಶ್‌ಗೆ ಅಡೋಬಿಯ ಬೆಂಬಲ 2020ರ ಡಿಸೆಂಬರ್ 31ಕ್ಕೆ ಮುಗಿಯಿತು. ಕೋಡ್ ಯಾರ ಕೈಯಲ್ಲೂ ಇಲ್ಲದ ಆಪ್ಲೆಟ್‌ಗಳು ಅಲ್ಲಿಗೇ ಸತ್ತವು. ಬರೆದವರು ನಿವೃತ್ತರಾಗಿದ್ದರೆ ಕೇಳುವವರೂ ಇರಲಿಲ್ಲ. ಕೋಡ್ ತೆರೆದಿದ್ದವುಗಳಲ್ಲಿ ಬಹಳಷ್ಟು ಜಾವಾಸ್ಕ್ರಿಪ್ಟ್‌ಗೆ ದಾಟಿಕೊಂಡವು. ಎರಿಕ್ ನ್ಯೂಮನ್ ಅವರ ‘ಮೈ ಫಿಸಿಕ್ಸ್ ಲ್ಯಾಬ್’ ಜಾವಾದಲ್ಲಿ ಹುಟ್ಟಿ ಈಗ ಬ್ರೌಸರಿನಲ್ಲಿ ನೇರವಾಗಿ ಓಡುತ್ತದೆ. ಪ್ರತಿ ಸಿಮ್ಯುಲೇಶನ್ನಿನ ಪಕ್ಕದಲ್ಲೇ ಅದರ ಸಮೀಕರಣ ಎಲ್ಲಿಂದ ಬಂತು ಎಂದು ಬಿಡಿಸಿ ಬರೆದಿರುವುದು ಅದರ ದೊಡ್ಡ ಗುಣ. ಲೋಲಕದ ಪುಟ ಒಂದನ್ನು ಓದಿದರೂ ಸಾಕು, ಕೋಡಿಗೂ ಕಾಗದದ ಲೆಕ್ಕಕ್ಕೂ ನಡುವಿನ ಸೇತುವೆ ಕಾಣುತ್ತದೆ.

ಲೈಸೆನ್ಸ್ ವಿಚಾರದಲ್ಲಿ ಶಿಕ್ಷಕರು ತಿಳಿಯಬೇಕಾದದ್ದು ಸ್ವಲ್ಪವೇ. ತರಗತಿಯಲ್ಲಿ ಬಳಸಲು, ಪ್ರತಿ ಮಾಡಿ ಹಂಚಲು ಯಾವ ಓಪನ್ ಸೋರ್ಸ್ ಲೈಸೆನ್ಸೂ ಅಡ್ಡಬರುವುದಿಲ್ಲ. ತಿದ್ದಿ ಹಂಚುವಾಗ ಮಾತ್ರ ದಾರಿ ಕವಲೊಡೆಯುತ್ತದೆ: ಎಂಐಟಿ, ಅಪಾಚಿ ಲೈಸೆನ್ಸ್ ಇದ್ದರೆ ಮೂಲ ಲೇಖಕರ ಹೆಸರು ಮತ್ತು ಲೈಸೆನ್ಸ್ ಪಠ್ಯ ಉಳಿಸಿಕೊಂಡರೆ ಸಾಕು (ಅಪಾಚಿಯಲ್ಲಿ ತಿದ್ದಿದ ಫೈಲುಗಳಲ್ಲಿ ತಿದ್ದಿದ್ದೇವೆ ಎಂದೂ ಬರೆಯಬೇಕು), ಜಿಪಿಎಲ್ ಇದ್ದರೆ ನಿಮ್ಮ ತಿದ್ದುಪಡಿಯ ಕೋಡನ್ನೂ ಅದೇ ಷರತ್ತಿನಲ್ಲಿ ಕೊಡಬೇಕು. ಕ್ರಿಯೇಟಿವ್ ಕಾಮನ್ಸ್‌ನ ‘ವಾಣಿಜ್ಯ ಬಳಕೆಗೆ ಅಲ್ಲ’ ಎಂಬ ಬಗೆಯನ್ನು ಕಂಡರೆ ಎಚ್ಚರ: ಶುಲ್ಕ ಪಡೆಯುವ ಪಾಠಕ್ಕೆ ಅದು ಒಪ್ಪುತ್ತದೋ ಇಲ್ಲವೋ ಎಂಬುದು ಸದಾ ತಕರಾರಿನ ವಿಷಯ, ಮತ್ತು ಓಪನ್ ಸೋರ್ಸ್ ಎಂಬ ಪದದ ಅರ್ಥಕ್ಕೆ ಅದು ಸೇರುವುದೂ ಇಲ್ಲ.

ಯಾವುದಕ್ಕೆ ಯಾವುದು

ಹೆಚ್ಚು ಜನ ಬಲ್ಲದ್ದು ‘ಫೆಟ್’ ಎಂಬ ಸಿಮ್ಯುಲೇಶನ್ ಸಂಗ್ರಹ. 2001ರಲ್ಲಿ ಭೌತವಿಜ್ಞಾನದ ನೊಬೆಲ್ ಹಂಚಿಕೊಂಡ ಕಾರ್ಲ್ ವೀಮನ್ ಅದನ್ನು 2002ರಲ್ಲಿ ಬೌಲ್ಡರ್‌ನ ಕೊಲರಾಡೊ ವಿಶ್ವವಿದ್ಯಾಲಯದಲ್ಲಿ ಆರಂಭಿಸಿದರು. ಪರಿಕಲ್ಪನೆ ಮೂಡಿಸಲು ಅದಕ್ಕೆ ಸಾಟಿ ಕಡಿಮೆ. ಅದರ ಎಚ್‌ಟಿಎಂಎಲ್ 5 ಸಿಮ್ಯುಲೇಶನ್ ಒಂದೊಂದೂ ಒಂದೇ ಫೈಲು. ಇಳಿಸಿಕೊಂಡರೆ ಇಂಟರ್ನೆಟ್ ಇಲ್ಲದೆಯೂ ಓಡುತ್ತದೆ, ಪೆನ್‌ಡ್ರೈವಿನಲ್ಲಿ ಇಡೀ ತರಗತಿಗೆ ಹಂಚಬಹುದು. ಸೋರ್ಸ್ ಕೋಡ್ ತೆರೆದೇ ಇದೆ. ಆದರೆ ಅದನ್ನು ತಿದ್ದಿ ಮತ್ತೆ ಕಟ್ಟುವುದು ಸಣ್ಣ ಕೆಲಸವಲ್ಲ. ಹತ್ತಾರು ರೆಪಾಸಿಟರಿಗಳನ್ನು, ಅಂದರೆ ಕೋಡ್ ಭಂಡಾರಗಳನ್ನು, ಒಟ್ಟಿಗೆ ಇಳಿಸಿಕೊಳ್ಳಬೇಕು. ಮುಕ್ತವಾಗಿದೆ ಎಂದರೆ ಸುಲಭವಾಗಿ ತಿದ್ದಬಹುದು ಎಂದಲ್ಲ.

ತಿದ್ದುವುದೇ ಉದ್ದೇಶವಾದರೆ ‘ಈಜೆಎಸ್’ ಒಳ್ಳೆಯದು. ಸ್ಪೇನಿನ ಮುರ್ಸಿಯಾ ವಿಶ್ವವಿದ್ಯಾಲಯದ ಫ್ರಾನ್ಸಿಸ್ಕೊ ಎಸ್ಕೆಂಬ್ರೆ ಕಟ್ಟಿದ ಈ ಸಾಧನ, ಡೇವಿಡ್‌ಸನ್ ಕಾಲೇಜಿನ ವೋಲ್ಫ್‌ಗ್ಯಾಂಗ್ ಕ್ರಿಶ್ಚಿಯನ್ ಮೊದಲಾದವರ ‘ಓಪನ್ ಸೋರ್ಸ್ ಫಿಸಿಕ್ಸ್’ ಯೋಜನೆಯ ಭಾಗ. ಇಲ್ಲಿ ಮಾದರಿಯನ್ನು ವಿಂಗಡಿಸಿ ಬರೆಯುತ್ತೀರಿ: ಚರಗಳು ಒಂದು ಪುಟದಲ್ಲಿ, ಅವು ಕಾಲದೊಂದಿಗೆ ಬದಲಾಗುವ ಸಮೀಕರಣಗಳು ಇನ್ನೊಂದರಲ್ಲಿ, ಕಣ್ಣಿಗೆ ಕಾಣುವ ಚಿತ್ರ ಮತ್ತೊಂದರಲ್ಲಿ. ಸಮೀಕರಣ ಬಿಡಿಸುವ ವಿಧಾನವನ್ನು ಪಟ್ಟಿಯಿಂದ ಬದಲಿಸಬಹುದು. ಭೌತವಿಜ್ಞಾನ ಬಲ್ಲ, ಪ್ರೋಗ್ರಾಮಿಂಗ್ ಅಷ್ಟಾಗಿ ಬಾರದ ಶಿಕ್ಷಕರಿಗೆ ಈ ವಿಂಗಡಣೆ ದೊಡ್ಡ ಆಸರೆ.

ವಿದ್ಯಾರ್ಥಿಯೇ ಬರೆಯಬೇಕು ಎಂದರೆ, ಬ್ರೌಸರಿನಲ್ಲೇ ಪೈಥಾನ್ ಭಾಷೆಯಲ್ಲಿ ಕೋಡ್ ಬರೆದು ಓಡಿಸುವ ‘ವೆಬ್ ವಿಪೈಥಾನ್’. ಇಪ್ಪತ್ತು ಸಾಲಿನಲ್ಲಿ ಮೂರು ಆಯಾಮದ ಗೋಳ, ಬಾಣದ ಗುರುತು, ಗ್ರಾಫ್ ಎಲ್ಲವೂ ಬರುತ್ತವೆ. ಇದರಲ್ಲಿ ಹೊಸಬರು ಎಡವುವ ಜಾಗ ಒಂದೇ: ‘ರೇಟ್’ ಎಂಬ ಆಜ್ಞೆ. ರೇಟ್ 100 ಎಂದರೆ ಸುತ್ತು ಸೆಕೆಂಡಿಗೆ 100ಕ್ಕಿಂತ ಹೆಚ್ಚು ಸಲ ಓಡಬಾರದು ಎಂದಷ್ಟೇ ಅರ್ಥ. ಅದು ತೋರಿಕೆಯ ವೇಗ. ಭೌತವಿಜ್ಞಾನವನ್ನು ನಿರ್ಧರಿಸುವುದು ನೀವು ಬೇರೆ ಕಡೆ ಬರೆದ ಕಾಲದ ಹೆಜ್ಜೆ. ಹೆಜ್ಜೆ 0.01 ಸೆಕೆಂಡ್, ರೇಟ್ 100 ಆಗಿದ್ದರೆ ಪರದೆಯ ಕಾಲವೂ ಗಡಿಯಾರದ ಕಾಲವೂ ಹೆಚ್ಚುಕಡಿಮೆ ಒಂದೇ. ರೇಟನ್ನು 200 ಮಾಡಿದರೆ ಚಿತ್ರ ಬೇಗ ಓಡುತ್ತದೆ, ಉತ್ತರ ಬದಲಾಗುವುದಿಲ್ಲ. ಹೆಜ್ಜೆಯನ್ನು 0.02 ಮಾಡಿದರೂ ಚಿತ್ರ ಬೇಗ ಓಡುತ್ತದೆ, ಆದರೆ ಈ ಸಲ ಉತ್ತರವೇ ಕೆಡುತ್ತದೆ. ಕಣ್ಣಿಗೆ ಎರಡೂ ಒಂದೇ.

ಹೆಜ್ಜೆ ಎಡವುವುದು ಎಲ್ಲಿ

ಕಂಪ್ಯೂಟರಿಗೆ ನಿರಂತರ ಕಾಲ ಗೊತ್ತಿಲ್ಲ. ಅದು ಸಣ್ಣ ಸಣ್ಣ ಹೆಜ್ಜೆ ಇಡುತ್ತ, ಹೆಜ್ಜೆಯ ಉದ್ದಕ್ಕೂ ಬಲ ಬದಲಾಗಲಿಲ್ಲ ಎಂದುಕೊಂಡು ಮುಂದೆ ಹೋಗುತ್ತದೆ. ಎಲ್ಲ ಮೋಸವೂ ಈ ‘ಎಂದುಕೊಂಡು’ ಎಂಬುದರಲ್ಲಿದೆ.

ಸ್ಪ್ರಿಂಗಿಗೆ ಕಟ್ಟಿದ ತೂಕವನ್ನು ತೆಗೆದುಕೊಳ್ಳಿ. ರಾಶಿ 1 ಕಿಲೋಗ್ರಾಂ, ಸ್ಪ್ರಿಂಗ್ ಸ್ಥಿರಾಂಕ ಮೀಟರಿಗೆ 1 ನ್ಯೂಟನ್, ಹೆಜ್ಜೆ 0.1 ಸೆಕೆಂಡ್. ಘರ್ಷಣೆ ಇಲ್ಲ, ಆದ್ದರಿಂದ ಒಟ್ಟು ಶಕ್ತಿ ಕದಲಬಾರದು. ಹೆಜ್ಜೆಯ ಆರಂಭದಲ್ಲೇ ಬಲ ಲೆಕ್ಕ ಹಾಕಿಕೊಂಡು, ಮೊದಲು ಸ್ಥಾನ, ಆಮೇಲೆ ವೇಗ ಎಂಬ ಕ್ರಮದಲ್ಲಿ ಹೋದರೆ, ಅಂದರೆ ಸಾದಾ ಆಯ್ಲರ್ ವಿಧಾನದಲ್ಲಿ, ಪ್ರತಿ ಹೆಜ್ಜೆಗೂ ಶಕ್ತಿ ಕರಾರುವಾಕ್ಕಾಗಿ 1.01 ಪಟ್ಟು ಆಗುತ್ತದೆ. ಒಂದು ಆಂದೋಲನಕ್ಕೆ ಸುಮಾರು 63 ಹೆಜ್ಜೆ. ಅಷ್ಟರಲ್ಲಿ ಶಕ್ತಿ 1.87 ಪಟ್ಟು. ಹತ್ತು ಆಂದೋಲನ ಮುಗಿಯುವ ಹೊತ್ತಿಗೆ 500 ಪಟ್ಟು ದಾಟಿರುತ್ತದೆ. ಯಾರೂ ತಳ್ಳದೆ ತೂಕ ಪರದೆಯಿಂದಾಚೆ ಹಾರುತ್ತದೆ. ಇದನ್ನು ಮರೆಮಾಚಲು ಕೋಡ್ ಬರೆಯುವವರು ಮಾಡುವ ಕಳ್ಳದಾರಿಯೊಂದಿದೆ: ವೇಗವನ್ನು ಪ್ರತಿ ಹೆಜ್ಜೆಗೂ 0.99ರಿಂದ ಗುಣಿಸುವುದು. ಆಗ ನೋಡಲು ಸರಿಯಾಗಿ ಕಾಣುತ್ತದೆ. ಎರಡು ತಪ್ಪು ಕೂಡಿ ಒಂದು ಒಳ್ಳೆಯ ಚಿತ್ರ.

ಎರಡು ಸಾಲಿನ ಕ್ರಮ ಅದಲುಬದಲು ಮಾಡಿದರೆ ಅದೇ ಹೆಜ್ಜೆಯಲ್ಲಿ ಶಕ್ತಿ ಒಂದು ಸಣ್ಣ ಮಿತಿಯೊಳಗೆ ಮೇಲೆಕೆಳಗೆ ತುಯ್ಯುತ್ತದೆ, ಕೈಮೀರುವುದಿಲ್ಲ. ಆಂದೋಲನದ ಅವಧಿ ನೂರಕ್ಕೆ 0.04ರಷ್ಟು ಕಡಿಮೆಯಾಗುತ್ತದೆ, ಅಷ್ಟೆ. ಒಂದು ಪೈಸೆ ಖರ್ಚಿಲ್ಲದ ಈ ತಿದ್ದುಪಡಿಯಿಂದ ಅರ್ಧ ಸಮಸ್ಯೆ ತೀರುತ್ತದೆ. ಹಾಗಾಗಿ ಆಟಗಳ ಎಂಜಿನ್‌ಗಳು (ಆಟದೊಳಗಿನ ಚಲನೆ, ಡಿಕ್ಕಿಗಳ ಲೆಕ್ಕ ಹಾಕುವ ತಂತ್ರಾಂಶಗಳು) ಹೆಚ್ಚಾಗಿ ಇದನ್ನೇ ಬಳಸುತ್ತವೆ. ಆದರೂ ಒಂದು ಗಡಿ ಇದೆ. ಕೋನೀಯ ಆವೃತ್ತಿಯನ್ನು ಹೆಜ್ಜೆಯಿಂದ ಗುಣಿಸಿದಾಗ 2 ಮೀರಿದರೆ ಇದೂ ಸಿಡಿಯುತ್ತದೆ. ಸೆಕೆಂಡಿಗೆ 60 ಹೆಜ್ಜೆ ಎಂದರೆ ಕೋನೀಯ ಆವೃತ್ತಿಯ ಮಿತಿ 120. ಹತ್ತು ಗ್ರಾಂ ಮಣಿಗೆ ಮೀಟರಿಗೆ 144 ನ್ಯೂಟನ್ನಿನ ಸ್ಪ್ರಿಂಗ್ ಕಟ್ಟಿದರೆ ಮಿತಿ ಮುಟ್ಟಿಬಿಟ್ಟಿರಿ. ‘ಸ್ಪ್ರಿಂಗ್ ಗಟ್ಟಿ ಮಾಡಿದ ಕೂಡಲೇ ಎಲ್ಲ ಚೆಲ್ಲಾಪಿಲ್ಲಿಯಾಯಿತು’ ಎಂಬ ದೂರಿನ ಹಿಂದೆ ಇರುವುದು ಸಾಮಾನ್ಯವಾಗಿ ಇದೇ.

ರೂಂಗೆ–ಕುಟ್ಟ ನಾಲ್ಕನೆಯ ದರ್ಜೆಯ ವಿಧಾನ ಒಂದು ಹೆಜ್ಜೆಗೆ ನಾಲ್ಕು ಸಲ ಬಲ ಲೆಕ್ಕ ಹಾಕುತ್ತದೆ. ಬೀಳುವ ಚೆಂಡಿಗೆ ಅದು ಸರಿಯಾಗಿ 4.9 ಕೊಡುತ್ತದೆ. ಮೇಲಿನ ಸ್ಪ್ರಿಂಗಿನಲ್ಲಿ ಒಂದು ಆಂದೋಲನಕ್ಕೆ ಕಳೆದುಕೊಳ್ಳುವ ಶಕ್ತಿ ಹತ್ತು ಲಕ್ಷದಲ್ಲಿ ಒಂದು ಪಾಲಿಗಿಂತ ಕಡಿಮೆ. ಹಾಗೆಂದು ಎಲ್ಲಕ್ಕೂ ಇದೇ ಮದ್ದಲ್ಲ. ಸೋರಿಕೆ ಸಣ್ಣದಾದರೂ ಒಂದೇ ದಿಕ್ಕಿನದು. ಗ್ರಹವೊಂದನ್ನು ಸಾವಿರಾರು ಸುತ್ತು ತಿರುಗಿಸಿದರೆ ಕಕ್ಷೆ ನಿಧಾನಕ್ಕೆ ಒಳಸರಿಯುತ್ತದೆ. ಅಂಥ ದೀರ್ಘ ಓಟಕ್ಕೆ ಸರಳವಾದ ವೆರ್ಲೆ ವಿಧಾನವೇ ಮೇಲು.

ಡಿಕ್ಕಿಗಳ ಪಾಡು ಇನ್ನೊಂದು. ಸೆಕೆಂಡಿಗೆ 20 ಮೀಟರ್ ಓಡುವ ಎರಡು ಸೆಂಟಿಮೀಟರ್ ಗುಂಡು 60ನೇ ಒಂದು ಸೆಕೆಂಡಿನಲ್ಲಿ 33 ಸೆಂಟಿಮೀಟರ್ ಹಾರುತ್ತದೆ. ನಡುವೆ ಐದು ಸೆಂಟಿಮೀಟರ್ ಗೋಡೆ ಇದ್ದರೆ ಒಂದು ಹೆಜ್ಜೆಯಲ್ಲಿ ಈಚೆ, ಮುಂದಿನ ಹೆಜ್ಜೆಯಲ್ಲಿ ಆಚೆ. ಗೋಡೆ ಇತ್ತು ಎಂದು ಗುಂಡಿಗೆ ತಿಳಿಯುವುದೇ ಇಲ್ಲ. ಹೆಜ್ಜೆ ಕಿರಿದು ಮಾಡುವುದು, ಇಲ್ಲವೇ ಎರಡು ಹೆಜ್ಜೆಗಳ ನಡುವಿನ ಹಾದಿಯನ್ನೂ ಪರೀಕ್ಷಿಸುವ ಆಯ್ಕೆಯನ್ನು ಚಾಲೂ ಮಾಡುವುದು, ಎರಡರಲ್ಲೊಂದು ಮಾಡಬೇಕು.

ಆಟದ ಎಂಜಿನ್ ಪಾಠಕ್ಕೆ ಬಂದಾಗ

ಶಿಕ್ಷಣದ ಸಿಮ್ಯುಲೇಶನ್‌ಗಳಲ್ಲಿ ಗಣನೀಯ ಪಾಲು ನಿಂತಿರುವುದು ಆಟಗಳಿಗಾಗಿ ಬರೆದ ಓಪನ್ ಸೋರ್ಸ್ ಎಂಜಿನ್‌ಗಳ ಮೇಲೆ. ಎಂಜಿನ್ ಬರೆದವರ ಗುರಿ ಚಿತ್ರ ನಂಬುವಂತಿರಬೇಕು, ಅಲುಗಾಡಬಾರದು ಎಂಬುದು. ಆ ಗುರಿಗೆ ಅವರು ಮಾಡಿದ ಆಯ್ಕೆಗಳು ಸರಿಯೇ. ಪ್ರಯೋಗಶಾಲೆಗೆ ಅವೇ ಆಯ್ಕೆಗಳು ಮುಳುವಾಗುತ್ತವೆ, ಮತ್ತು ಇದನ್ನು ಹೇಳಬಹುದಾಗಿರುವುದು ಕೋಡ್ ತೆರೆದಿರುವುದರಿಂದಲೇ.

ಎರಿನ್ ಕ್ಯಾಟೊ ಬರೆದ ಬಾಕ್ಸ್ 2ಡಿ ಇಂಥದ್ದರಲ್ಲಿ ಹೆಸರಾದದ್ದು. ಅದರಲ್ಲಿ ಡಿಕ್ಕಿಯ ವೇಗ ಸೆಕೆಂಡಿಗೆ 1 ಮೀಟರಿಗಿಂತ ಕಡಿಮೆಯಿದ್ದರೆ ಪುಟಿತವನ್ನು ಸೊನ್ನೆ ಮಾಡುವುದು ತಾನಾಗಿ ಬರುವ ಸೆಟ್ಟಿಂಗ್. ಇಲ್ಲದಿದ್ದರೆ ಪೆಟ್ಟಿಗೆಗಳು ಒಂದರ ಮೇಲೊಂದು ಸುಮ್ಮನೆ ನಿಲ್ಲದೆ ನಡುಗುತ್ತಿರುತ್ತವೆ. ಸೆಕೆಂಡಿಗೆ 1 ಮೀಟರ್ ಎಂದರೆ ಸುಮಾರು 5 ಸೆಂಟಿಮೀಟರ್ ಎತ್ತರದಿಂದ ಬಿದ್ದ ವೇಗ. ಚೆಂಡು ಪುಟಿಯುವ ಎತ್ತರಗಳನ್ನು ಅಳೆದು ಲಾಗ್ ಗ್ರಾಫ್ ಎಳೆಯುವ ವಿದ್ಯಾರ್ಥಿಗೆ ಗೆರೆ ನೇರವಾಗಿ ಇಳಿದು ಬಂದು ಆ ಎತ್ತರದ ಬಳಿ ಥಟ್ಟನೆ ಮುರಿಯುತ್ತದೆ. ಕಾರಣ ರಬ್ಬರಿನಲ್ಲಿಲ್ಲ. ಕೋಡಿನ ಒಂದು ಸಂಖ್ಯೆಯಲ್ಲಿದೆ, ಅದನ್ನು ಬದಲಿಸಲೂಬಹುದು.

ಘರ್ಷಣೆಯದ್ದು ಇನ್ನೂ ಸ್ವಾರಸ್ಯ. ಘರ್ಷಣಾಂಕ ಎರಡು ಮೈಗಳ ಜೋಡಿಗೆ ಸೇರಿದ್ದು ಎಂದು ಪಾಠ ಹೇಳುತ್ತದೆ. ಎಂಜಿನ್ ಮಾತ್ರ ಒಂದೊಂದು ವಸ್ತುವಿಗೂ ಒಂದೊಂದು ಸಂಖ್ಯೆ ಕೊಟ್ಟು, ಮುಟ್ಟಿದಾಗ ಎರಡನ್ನೂ ಗುಣಿಸಿ ವರ್ಗಮೂಲ ತೆಗೆಯುತ್ತದೆ. ಮರದ ತುಂಡಿಗೆ 0.5, ಇಳಿಜಾರಿಗೆ 0.2 ಕೊಟ್ಟರೆ ನಿಜವಾಗಿ ಕೆಲಸ ಮಾಡುವ ಅಂಕ 0.316, ತುಂಡು ಜಾರಲು ಶುರುಮಾಡುವುದು 17.5 ಡಿಗ್ರಿಯಲ್ಲಿ. ತುಂಡಿನ 0.5 ಒಂದನ್ನೇ ನೋಡಿ 26.6 ಡಿಗ್ರಿ ನಿರೀಕ್ಷಿಸಿದವರು ತಲೆ ಕೆರೆದುಕೊಳ್ಳಬೇಕು. ಎರಡಕ್ಕೂ ಒಂದೇ ಅಂಕ ಕೊಟ್ಟುಬಿಟ್ಟರೆ ತಂಟೆಯಿಲ್ಲ. ಇದರ ಜೊತೆಗೆ, ಬಹಳ ನಿಧಾನವಾಗಿ ಚಲಿಸುವ ವಸ್ತುವನ್ನು ಅರ್ಧ ಸೆಕೆಂಡಿನ ಬಳಿಕ ‘ಮಲಗಿಸುವ’ ಏರ್ಪಾಡೂ ಇದೆ. ತೆವಳುವ ಚಲನೆ ಅಳೆಯುವಾಗ ಅದನ್ನು ನಿಲ್ಲಿಸಿಡಬೇಕು.

ಬ್ರೌಸರಿನಲ್ಲಿ ಬಹಳ ಕಾಣುವ ಮ್ಯಾಟರ್ ಜೆಎಸ್ ಎಂಬ ಎಂಜಿನ್ನಿನಲ್ಲಿ ಗಾಳಿಯ ತಡೆ ನೀವು ಕೇಳದೆಯೇ 0.01 ಆಗಿರುತ್ತದೆ. ಅಂದರೆ ಪ್ರತಿ ಹೆಜ್ಜೆಗೂ ವೇಗದ ನೂರರಲ್ಲೊಂದು ಪಾಲು ಹೋಗುತ್ತದೆ. ಸೆಕೆಂಡಿಗೆ 60 ಹೆಜ್ಜೆಯಲ್ಲಿ ಸಮತಲ ವೇಗ ಒಂದು ಸೆಕೆಂಡಿಗೆ 55 ಪ್ರತಿಶತಕ್ಕೆ ಇಳಿದಿರುತ್ತದೆ. ಎಸೆದ ಕಲ್ಲಿನ ಹಾದಿ ಪರವಲಯ ಎಂದು ಪಾಠ ಮಾಡಿ ಇದನ್ನು ತೋರಿಸಿದರೆ ಪರದೆಯ ಮೇಲಿರುವುದು ಪರವಲಯವೇ ಅಲ್ಲ. ಆ ಒಂದು ಮೌಲ್ಯವನ್ನು ಸೊನ್ನೆ ಮಾಡಬೇಕು.

ಒಂದು ನಿಮಿಷದಲ್ಲಿ ತಯಾರಾದ ಸಿಮ್ಯುಲೇಶನ್

ಈಗಿನ ಹೊಸ ಪ್ರಶ್ನೆ ಇದು. ಎಐ ಚಾಟ್ ಸಾಧನಕ್ಕೆ ‘ಲೋಲಕದ ಸಿಮ್ಯುಲೇಶನ್ ಬರೆದುಕೊಡು’ ಎಂದರೆ ನಿಮಿಷದೊಳಗೆ ಸ್ಲೈಡರ್, ಗುಂಡಿ, ನೆರಳು ಸಮೇತ ಒಂದು ಪುಟ ಸಿಗುತ್ತದೆ. ಕೋಡ್ ಕಣ್ಣೆದುರೇ ಇರುವುದರಿಂದ ತಾಂತ್ರಿಕವಾಗಿ ಅದೂ ತೆರೆದದ್ದೇ. ಆದರೆ ಓಪನ್ ಸೋರ್ಸ್ ಯೋಜನೆಯ ಬೆಲೆ ಇರುವುದು ಕೋಡ್ ಕಾಣುವುದರಲ್ಲಿ ಮಾತ್ರವಲ್ಲ, ನೂರಾರು ಜನ ಅದನ್ನು ಬಳಸಿ, ತಪ್ಪು ಹಿಡಿದು, ತಿದ್ದಿಸಿದ ಇತಿಹಾಸದಲ್ಲಿ. ಈಗಷ್ಟೇ ಹುಟ್ಟಿದ ಪುಟಕ್ಕೆ ಆ ಇತಿಹಾಸವಿಲ್ಲ. ಆದ್ದರಿಂದ ತಪ್ಪು ಹಿಡಿಯುವ ಹೊಣೆ ಪೂರ್ತಿಯಾಗಿ ಬಳಸುವವರದು. ಹಿಡಿಯುವುದು ಕಷ್ಟವೂ ಅಲ್ಲ.

ಲೋಲಕವನ್ನು 90 ಡಿಗ್ರಿಗೆ ಎತ್ತಿ ಬಿಡಿ. ಪುಟ್ಟ ಕೋನದ ಅವಧಿಗಿಂತ 1.18 ಪಟ್ಟು ಸಮಯ ಹಿಡಿಯಬೇಕು. 60 ಡಿಗ್ರಿಗೆ 1.073 ಪಟ್ಟು, 30ಕ್ಕೆ 1.017. ಎಲ್ಲ ಕೋನಕ್ಕೂ ಅವಧಿ ಒಂದೇ ಬಂದರೆ ಒಳಗೆ ಬಲದ ಲೆಕ್ಕವೇ ಇಲ್ಲ, ಇಲ್ಲವೇ ಕೋನದ ಸೈನ್ ಬದಲು ಕೋನವನ್ನೇ ಬಳಸಿದ್ದಾರೆ. ಬಳಿಕ ಘರ್ಷಣೆಯನ್ನು ಸೊನ್ನೆ ಮಾಡಿ ಐದು ನಿಮಿಷ ಓಡಲು ಬಿಟ್ಟು ಏರುವ ಎತ್ತರ ನೋಡಿ. ಹೆಚ್ಚಿದರೆ ಸಾದಾ ಆಯ್ಲರ್, ಕುಗ್ಗಿದರೆ ಎಲ್ಲೋ ಗುಟ್ಟಾಗಿ 0.99 ಕೂತಿದೆ. ಮೂರನೆಯದು, ಕಾಲದ ಹೆಜ್ಜೆಯನ್ನು ಅರ್ಧ ಮಾಡಿ ಅದೇ ಪ್ರಯೋಗ ಮತ್ತೆ ಮಾಡುವುದು. ಉತ್ತರ ಗಮನಾರ್ಹವಾಗಿ ಬದಲಾದರೆ ಮೊದಲಿನ ಉತ್ತರವನ್ನು ನಂಬುವಂತಿಲ್ಲ. ಇಡೀ ಲೇಖನದಲ್ಲಿ ಒಂದೇ ಪರೀಕ್ಷೆ ನೆನಪಿಡುವುದಾದರೆ ಇದನ್ನು ಇಟ್ಟುಕೊಳ್ಳಿ. ಯಾವ ಸಿಮ್ಯುಲೇಶನ್ನಿಗೂ ಹೊಂದುತ್ತದೆ, ಸರಿಯುತ್ತರ ಮೊದಲೇ ಗೊತ್ತಿರಬೇಕಾಗಿಯೂ ಇಲ್ಲ.

ಇನ್ನೊಂದು ತಪ್ಪು ಕೋಡ್ ಬರೆದವರ ಯಂತ್ರದಲ್ಲಿ ಎಂದೂ ಕಾಣುವುದಿಲ್ಲ. ಪರದೆ ಒಮ್ಮೆ ಹೊಸದಾಗಿ ಬಿಡಿಸಿಕೊಂಡಾಗಲೆಲ್ಲ ಒಂದು ಹೆಜ್ಜೆ ಎಂದು ಬರೆದಿದ್ದರೆ, 60 ಹರ್ಟ್ಸ್ ಪರದೆಯಲ್ಲಿ ಸರಿಯಾಗಿದ್ದದ್ದು 144 ಹರ್ಟ್ಸ್ ಪರದೆಯಲ್ಲಿ 2.4 ಪಟ್ಟು ಬೇಗ ಓಡುತ್ತದೆ. ಪಕ್ಕಪಕ್ಕದ ಎರಡು ಕಂಪ್ಯೂಟರ್‌ಗಳಲ್ಲಿ ಎರಡು ಗುರುತ್ವ! ಸರಿಯಾದ ಕ್ರಮ: ಕಳೆದ ನಿಜ ಸಮಯವನ್ನು ಕೂಡಿಡುತ್ತ ಹೋಗಿ, ಅದರಲ್ಲಿ ನಿಗದಿತ ಹೆಜ್ಜೆಗಳು ಎಷ್ಟು ಹಿಡಿಸುತ್ತವೋ ಅಷ್ಟನ್ನು ಓಡಿಸಿ, ಉಳಿದದ್ದನ್ನು ಮುಂದಿನ ಸಲಕ್ಕೆ ಇಡುವುದು. ಜೊತೆಗೆ ಒಂದು ಮೇಲ್ಮಿತಿಯೂ ಬೇಕು. ಬಳಕೆದಾರ ಬೇರೆ ಟ್ಯಾಬಿಗೆ ಹೋಗಿ ಎರಡು ನಿಮಿಷ ಬಿಟ್ಟು ಬಂದರೆ ಬ್ರೌಸರ್ ಅಷ್ಟು ಹೊತ್ತು ಚಿತ್ರ ನಿಲ್ಲಿಸಿರುತ್ತದೆ. ಮಿತಿ ಇಲ್ಲದಿದ್ದರೆ ಬಾಕಿಯ ಎರಡು ನಿಮಿಷವನ್ನೂ ಒಟ್ಟಿಗೆ ಓಡಿಸಲು ಹೋಗಿ ಪುಟ ಸಿಕ್ಕಿಕೊಳ್ಳುತ್ತದೆ.

ಪರದೆಯಿಂದ ಹೊರಗೆ

ಸಿಮ್ಯುಲೇಶನ್ ಒಳ್ಳೆಯದೋ ನಿಜವಾದ ಉಪಕರಣವೋ ಎಂಬ ವಾದ ಹಳೆಯದು. ಕೊಲರಾಡೊ ವಿಶ್ವವಿದ್ಯಾಲಯದಲ್ಲಿ ನಡೆದು 2005ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ವಿದ್ಯುನ್ಮಂಡಲವನ್ನು ಸಿಮ್ಯುಲೇಶನ್ನಿನಲ್ಲಿ ಕಲಿತವರು ಪರಿಕಲ್ಪನೆಯ ಪ್ರಶ್ನೆಗಳಲ್ಲಿ ಮಾತ್ರವಲ್ಲ, ನಿಜವಾದ ತಂತಿ ಬಲ್ಬು ಹಿಡಿದು ಮಂಡಲ ಕಟ್ಟುವುದರಲ್ಲೂ ಉಪಕರಣಗಳಿಂದ ಕಲಿತವರಿಗಿಂತ ಮುಂದಿದ್ದರು. ಇದನ್ನು ಹಿಡಿದು ಪ್ರಯೋಗಶಾಲೆಯೇ ಬೇಡ ಎನ್ನುವವರು ಒಂದನ್ನು ಮರೆಯುತ್ತಾರೆ. ಸಿಮ್ಯುಲೇಶನ್ನಿನ ಆದರ್ಶ ಬಲ್ಬಿಗೆ ಒಂದೇ ರೋಧ. ನಿಜವಾದ ಟಂಗ್‌ಸ್ಟನ್ ತಂತು ಬಿಸಿಯೇರಿದಾಗ ಅದರ ರೋಧ ತಣ್ಣಗಿದ್ದಾಗಿನ ಹತ್ತು ಪಟ್ಟಿನ ಆಸುಪಾಸಿಗೆ ಹೋಗುತ್ತದೆ. ಅದನ್ನು ಮುಚ್ಚಿಟ್ಟದ್ದರಿಂದಲೇ ಮೊದಲ ಪಾಠ ಸುಲಭವಾಯಿತು. ಎರಡನೆಯ ಪಾಠಕ್ಕೆ ನಿಜವಾದ ಬಲ್ಬೇ ಬೇಕು.

ಎರಡರ ನಡುವೆ ಸೇತುವೆಯಾಗಬಲ್ಲದ್ದು ಡಗ್ಲಸ್ ಬ್ರೌನ್ ಬರೆದ ‘ಟ್ರ್ಯಾಕರ್’, ಇದೂ ಓಪನ್ ಸೋರ್ಸ್ ಫಿಸಿಕ್ಸ್ ಬಳಗದ್ದೇ. ಫೋನಿನಲ್ಲಿ ಬೀಳುವ ಚೆಂಡಿನ ವಿಡಿಯೊ ತೆಗೆದು ಅದರಲ್ಲಿ ತೆರೆಯಿರಿ. ಚಿತ್ರದಲ್ಲಿರುವ ಒಂದು ಮೀಟರ್ ಕೋಲಿಗೆ ಅಳತೆಯ ಗೆರೆ ಹೊಂದಿಸಿ. ಅಕ್ಷಗಳನ್ನು ಇಟ್ಟು, ಪ್ರತಿ ಚೌಕಟ್ಟಿನಲ್ಲೂ ಚೆಂಡನ್ನು ಗುರುತು ಮಾಡುತ್ತ ಹೋಗಿ. ಬಣ್ಣ ಎದ್ದು ಕಾಣುವಂತಿದ್ದರೆ ಸ್ವಯಂ ಗುರುತಿಸುವ ಆಯ್ಕೆಯೇ ಕೆಲಸ ಮುಗಿಸುತ್ತದೆ. ಕೊನೆಗೆ ಕಾಲ ಮತ್ತು ಎತ್ತರದ ಗ್ರಾಫಿಗೆ ಪರವಲಯ ಹೊಂದಿಸಿ. ಕಾಲದ ವರ್ಗದ ಮುಂದಿನ ಸಂಖ್ಯೆಯ ಎರಡರಷ್ಟು ಗುರುತ್ವ.

ಬರುವುದು 9.3. ಏಕೆ? ಹೆಚ್ಚಾಗಿ ಕೋಲು ಚೆಂಡಿನ ಸಮತಲದಲ್ಲಿ ಇರುವುದಿಲ್ಲ. ಚೆಂಡು ಕ್ಯಾಮೆರಾದಿಂದ 2 ಮೀಟರ್ ದೂರ ಬೀಳುತ್ತಿದ್ದು, ಕೋಲನ್ನು 10 ಸೆಂಟಿಮೀಟರ್ ಮುಂದೆ ಹಿಡಿದಿದ್ದರೆ ಅಳತೆ 5 ಪ್ರತಿಶತ ಕೆಡುತ್ತದೆ, ಗುರುತ್ವವೂ ಅಷ್ಟೇ ಕುಗ್ಗುತ್ತದೆ. ಬಂದದ್ದು 0.15 ಆದರೆ ಸ್ಲೋ ಮೋಷನ್ ವಿಡಿಯೊ ಕೊಟ್ಟಿದ್ದೀರಿ: ಸೆಕೆಂಡಿಗೆ 240 ಚೌಕಟ್ಟು ಹಿಡಿದು 30ರಂತೆ ಉಳಿಸಿದ ಫೈಲಿನಲ್ಲಿ ಕಾಲ 8 ಪಟ್ಟು ಹಿಗ್ಗಿರುತ್ತದೆ, ಗುರುತ್ವ 64 ಪಟ್ಟು ಕುಗ್ಗುತ್ತದೆ. ಟ್ರ್ಯಾಕರಿನಲ್ಲಿ ಚೌಕಟ್ಟಿನ ದರವನ್ನು 240 ಎಂದು ಕೈಯಾರೆ ಬರೆದರೆ ಸರಿಹೋಗುತ್ತದೆ. ಮಂದ ಬೆಳಕಿನಲ್ಲಿ ಚೆಂಡು ಗೀಟಿನಂತೆ ಕಂಡರೆ ಪ್ರತಿ ಚೌಕಟ್ಟಿನಲ್ಲೂ ಗೀಟಿನ ಒಂದೇ ತುದಿಯನ್ನು ಗುರುತಿಸಿ, ಒಮ್ಮೆ ಮೇಲೆ ಒಮ್ಮೆ ಕೆಳಗೆ ಮಾಡಬೇಡಿ.

ವೇಗೋತ್ಕರ್ಷದ ಕಾಲಮ್ಮನ್ನು ನೇರವಾಗಿ ಓದುವ ಆಸೆ ಎಲ್ಲರಿಗೂ. ಅಲ್ಲಿ ಸಂಖ್ಯೆಗಳು ಹಾರಾಡುತ್ತವೆ. ಗುರುತು ಮಾಡುವಾಗ ಒಂದು ಮಿಲಿಮೀಟರ್ ಆಚೀಚೆಯಾದರೂ, ಸೆಕೆಂಡಿಗೆ 30 ಚೌಕಟ್ಟಿನಲ್ಲಿ ಮೂರು ಬಿಂದುಗಳಿಂದ ಲೆಕ್ಕ ಹಾಕಿದ ವೇಗೋತ್ಕರ್ಷದಲ್ಲಿ ಸುಮಾರು 2.2ರಷ್ಟು ಏರುಪೇರಾಗುತ್ತದೆ. ಟ್ರ್ಯಾಕರ್ ಐದು ಬಿಂದುಗಳ ಸೂತ್ರ ಬಳಸಿ ಅದನ್ನು 0.5ರ ಹತ್ತಿರಕ್ಕೆ ಇಳಿಸುತ್ತದೆ. ಅಷ್ಟಾದರೂ ಪರವಲಯ ಹೊಂದಿಸುವುದೇ ಮೇಲು, ಏಕೆಂದರೆ ಅದು ಎಲ್ಲ ಬಿಂದುಗಳ ಮಾತನ್ನೂ ಒಟ್ಟಿಗೆ ಕೇಳುತ್ತದೆ.

ಅನುವಾದ ಮತ್ತು ಉಸ್ತುವಾರಿ

ಓಪನ್ ಸೋರ್ಸ್ ಎಂದರೆ ಕನ್ನಡಕ್ಕೆ ತರಲು ಯಾರ ಅಪ್ಪಣೆಯೂ ಬೇಡ. ಫೆಟ್‌ನಲ್ಲಂತೂ ಕೋಡ್ ಮುಟ್ಟದೆ ಪದಗಳನ್ನಷ್ಟೇ ಅನುವಾದಿಸುವ ಸಾಧನವೇ ಇದೆ. ತೊಡಕು ಪದಗಳದ್ದೇ. ಮಾತಿನಲ್ಲಿ ಎಲ್ಲವೂ ‘ವೇಗ’. ಪಠ್ಯಪುಸ್ತಕದಲ್ಲಿ ದಿಕ್ಕು ಇಲ್ಲದ್ದು ಜವ, ದಿಕ್ಕು ಇರುವುದು ವೇಗ. ಎರಡು ಸ್ಲೈಡರ್‌ಗಳಿಗೂ ‘ವೇಗ’ ಎಂದು ಬರೆದರೆ ಪಾಠದ ತಿರುಳೇ ಹೋಯಿತು. ರಾಶಿ ಎಂದು ಬರೆಯಬೇಕಾದಲ್ಲಿ ತೂಕ ಎಂದು ಬರೆಯುವುದೂ ಇದೇ ಜಾತಿಯ ತಪ್ಪು. ‘ವೇಗೋತ್ಕರ್ಷ’ದಂಥ ಪದ ಸಣ್ಣ ಗುಂಡಿಯಲ್ಲಿ ಹಿಡಿಸದೆ ಅಕ್ಷರ ಕಿರಿದಾಗುತ್ತದೆ, ಒತ್ತಕ್ಷರ ಓದಲಾಗದು, ಅನುವಾದ ಮುಗಿದ ಮೇಲೆ ಪುಟ್ಟ ಪರದೆಯ ಫೋನಿನಲ್ಲಿ ಒಮ್ಮೆ ತೆರೆದು ನೋಡಲೇಬೇಕು.

ಈ ಲೋಕದ ಬಡತನ ಕೋಡಿನದ್ದಲ್ಲ, ಕೈಗಳದ್ದು. ಹೆಸರಾದ ಕೆಲವು ಸಾಧನಗಳ ಹಿಂದೆ ವರ್ಷಗಟ್ಟಲೆ ಇರುವುದು ಒಬ್ಬಿಬ್ಬರು ಮಾತ್ರ. ಪಠ್ಯಕ್ರಮಕ್ಕೆ ಒಂದನ್ನು ಸೇರಿಸುವ ಮೊದಲು ಕೋಡಿನಲ್ಲಿ ಕೊನೆಯ ಬದಲಾವಣೆ ಯಾವಾಗ ಆಯಿತು, ಬಂದ ದೂರುಗಳಿಗೆ ಉತ್ತರ ಹೋಗುತ್ತಿದೆಯೇ, ಹೊಸ ಯಂತ್ರದಲ್ಲಿ ಸೂಚನೆ ಓದಿಕೊಂಡು ಕಟ್ಟಿದರೆ ಕಟ್ಟಲಾಗುತ್ತದೆಯೇ ಎಂದು ನೋಡಿ. ಬಳಸುವ ಆವೃತ್ತಿಯ ಫೈಲನ್ನು ನಿಮ್ಮ ಬಳಿ ಇಟ್ಟುಕೊಳ್ಳಿ, ಪ್ರಯೋಗದ ದಾಖಲೆಯಲ್ಲಿ ಆವೃತ್ತಿಯ ಸಂಖ್ಯೆ ಬರೆಸಿ. ಮಾಪಕದ ಕನಿಷ್ಠ ಅಳತೆ ಬರೆಸುವುದಿಲ್ಲವೇ, ಹಾಗೆ.

ದೂರು ಬರೆಯುವುದಕ್ಕೂ ಒಂದು ಬಗೆಯಿದೆ. ‘ಚೆಂಡು ಸರಿಯಾಗಿ ಬೀಳುತ್ತಿಲ್ಲ’ ಎಂದರೆ ಯಾರಿಗೂ ಉಪಯೋಗವಿಲ್ಲ. ‘ಗುರುತ್ವ 9.8, ಗಾಳಿ ಸೊನ್ನೆ. 60 ಹರ್ಟ್ಸ್ ಪರದೆಯಲ್ಲಿ ಒಂದು ಸೆಕೆಂಡಿಗೆ 4.98 ಮೀಟರ್ ಬೀಳುತ್ತದೆ, 144 ಹರ್ಟ್ಸ್ ಪರದೆಯಲ್ಲಿ ಅದೇ ಒಂದು ಸೆಕೆಂಡಿಗೆ ಸುಮಾರು 28 ಮೀಟರ್’ ಎಂದು ಬ್ರೌಸರಿನ ಹೆಸರು, ಆವೃತ್ತಿ ಸೇರಿಸಿ ಬರೆದರೆ, ಓದಿದವರಿಗೆ ತಪ್ಪು ಯಾವ ಸಾಲಿನಲ್ಲಿದೆ ಎಂದು ಕೋಡ್ ತೆರೆಯುವ ಮೊದಲೇ ಗೊತ್ತಾಗಿರುತ್ತದೆ.